ಕಂದು ಗಾಜಿನ ಚೂರು

ಬೆಳಿಗ್ಗೆ ಮ್ಯೂಸಿಯಮ್ಮಿನ ಬಾಗಿಲು ತೆಗೆದ ಕಾವಲುಗಾರ ಒಳಗೆ ಹೋದಷ್ಟೇ ವೇಗವಾಗಿ ಹೊರಗೆ ಬಂದ. ಕೈ ಇನ್ನೂ ಒಳಗೆ ತೋರಿಸುತ್ತಿತ್ತು.

ಇನ್ಸ್‌ಪೆಕ್ಟರ್ ಬರುವ ಹೊತ್ತಿಗೆ ಬಿಸಿಲು ಏರಿತ್ತು. ಆಕೆ ಪಕ್ಕದ ನೌಕರರ ಕಾಲೊನಿಯಲ್ಲೇ ಹುಟ್ಟಿ ಬೆಳೆದವಳು. ಚಿಕ್ಕಂದಿನಲ್ಲಿ ಈ ಕಟ್ಟಡದ ಬೇಲಿಯನ್ನೂ ಮುಟ್ಟುವ ಹಾಗಿರಲಿಲ್ಲ. ಆಗ ಇದು ರಿಯಾಕ್ಟರು. ಅಣುವಿನಿಂದ ವಿದ್ಯುತ್ ಹುಟ್ಟಿಸುತ್ತಿದ್ದ ಜಾಗ. ಅದು ಆರಿ ತಣ್ಣಗಾದ ಎಷ್ಟೋ ವರ್ಷಕ್ಕೆ ಈಗ ಮ್ಯೂಸಿಯಂ ಆಗುತ್ತಿತ್ತು. ಉದ್ಘಾಟನೆ ಮುಂದಿನ ವಾರ.

ಅದನ್ನು ಕಟ್ಟುತ್ತಿದ್ದವರೇ ಈಗ ನೆಲದ ಮೇಲೆ ಅಂಗಾತ ಬಿದ್ದಿದ್ದರು. ನಿವೃತ್ತ ಇಂಜಿನಿಯರು. ಯಾರು ಸಿಕ್ಕರೂ ನಿಲ್ಲಿಸಿ ರಿಯಾಕ್ಟರಿನ ಕಥೆ ಶುರು ಮಾಡುತ್ತಿದ್ದರಿಂದ ಊರಿನವರು ಅವರನ್ನು ಪುರಾಣದ ಇಂಜಿನಿಯರು ಎನ್ನುತ್ತಿದ್ದರು. ಪಕ್ಕದಲ್ಲಿ ಒಡೆದ ಗಾಜಿನ ಪೆಟ್ಟಿಗೆ. ಬಲತೋಳು ಮೇಲಿನಿಂದ ಸೀಳಿತ್ತು. ರಕ್ತ ಹರಿದು, ಹೆಪ್ಪುಗಟ್ಟಿ, ಕಪ್ಪಾಗಿ ನೆಲಕ್ಕೆ ಅಂಟಿತ್ತು.

ಗೋಡೆಯ ಮೇಲೆ ಫಲಕಗಳು ಸಾಲಾಗಿದ್ದವು. ಮೊದಲನೆಯದರಲ್ಲಿ ಹೊರದೇಶದ ನೆರವು, ಹೂಮಾಲೆ, ನಗುಮುಖಗಳು. ಆಮೇಲೆ ಮೊದಲ ದೀಪ ಹೊತ್ತಿದ ಮನೆ. ಆಮೇಲೆ ಆಸ್ಪತ್ರೆ, ಕ್ಯಾನ್ಸರಿಗೆ ಕಿರಣ ಚಿಕಿತ್ಸೆ. ನಂತರ ಹಿಂದಿನ ಶೆಡ್ಡು. ಉರಿದ ಇಂಧನವನ್ನು ಕರಗಿಸಿ ಬಾಂಬಿಗೆ ಬೇಕಾದ್ದನ್ನು ಅಲ್ಲಿ ಸೋಸಿ ತೆಗೆಯುತ್ತಿದ್ದರು. ಅದರ ಮುಂದಿನದು, ಸರ್ಕಾರ ಬದಲಾಗಿ ಬಾಂಬು ಬೇಡವೆಂದು ಸಹಿ ಹಾಕಿದ್ದು, ತಪಾಸಣೆಗೆ ಬಂದ ಹೊರದೇಶದವರು ಎಲ್ಲಕ್ಕೂ ಸೀಲು ಒತ್ತಿದ್ದು. ಕೊನೆಯ ಫಲಕ ಮಾತ್ರ ಖಾಲಿ. ಒಡೆದಿದ್ದು ಅದರ ಕೆಳಗಿನ ಪೆಟ್ಟಿಗೆ.

"ಗಾಜಿನ ಚೂರೆಲ್ಲ ಒಂದು ಮೂಲೆಗೆ ಹೋಗಿದ್ಯಲ್ಲ. ಯಾರು ಗುಡಿಸಿದ್ದು?" ಎಂದಳು.

"ಕಾಲೊನಿ ಆಸ್ಪತ್ರೆ ಡಾಕ್ಟ್ರು ಮೇಡಂ," ಎಂದ ಕಾನ್‌ಸ್ಟೇಬಲ್. "ಕಾವಲುಗಾರ ಮೊದಲು ಅವರನ್ನೇ ಕರೆದಿದ್ದು. ನಾನು ಬಂದಾಗ ಬಾಗಿಲಲ್ಲೇ ನಿಂತಿದ್ರು. ಹೋಗಿಬಿಟ್ಟಿದಾರೆ ಅಂತ ತಲೆ ಅಲ್ಲಾಡಿಸಿದ್ರು. ಯಾರ ಕಾಲಿಗಾದ್ರೂ ಚುಚ್ಚೀತು ಅಂತ ಪೊರಕೆ ತಗೊಂಡ್ರು."

"ನೀನು ಬಿಟ್ಟೆ."

"ಬೇಡ ಅನ್ನೋಕೆ ಬಾಯಿ ಬರ್ಲಿಲ್ಲ ಮೇಡಂ. ನನ್ನ ಹೆರಿಗೆ ಮಾಡಿಸಿದವರು ಅವರು." ನಾಲಿಗೆ ಕಚ್ಚಿಕೊಂಡ. "ಅಂದ್ರೆ, ನಮ್ಮಮ್ಮನ ಹೆರಿಗೆ."

ಅವಳು ಬೈಯಲಿಲ್ಲ. ಕಾಲೊನಿಯಲ್ಲಿ ಯಾರೇ ಆಗಿದ್ದರೂ ಪೊರಕೆಯನ್ನು ಅವರ ಕೈಗೇ ಕೊಡುತ್ತಿದ್ದರು. ಮಂಡಿಯೂರಿ ಕೂತಳು. ಇಂಜಿನಿಯರ ಎಡಗೈ ಅಂಗೈ ಮೇಲಾಗಿ ಬಿದ್ದಿತ್ತು. ಮಣಿಕಟ್ಟಿನ ಒಳಭಾಗದಲ್ಲಿ ರಕ್ತದ ಮೂರು ಗುರುತು, ಒಂದರ ಪಕ್ಕ ಒಂದು, ಬೆರಳಿನ ಅಗಲದವು. ಚೆನ್ನಾಗಿ ಒಣಗಿದ್ದವು.

ಪೆಟ್ಟಿಗೆಯ ಕಾಲಿನ ಹಿಂದೆ ಪೊರಕೆ ತಲುಪದ ಕಡೆ ಒಂದು ಚೂರು ಉಳಿದಿತ್ತು. ಉಗುರಿನಷ್ಟು. ಉಳಿದ ಗಾಜೆಲ್ಲ ನೀರಿನಂತೆ ತಿಳಿ. ಇದೊಂದು ಕಂದು.

* * *

ಮಧ್ಯಾಹ್ನದೊಳಗೆ ಕಾನ್‌ಸ್ಟೇಬಲ್ ಬೋರ್ಡಪ್ಪನನ್ನು ಹಿಡಿದು ತಂದ. ಬೋರ್ಡಪ್ಪ ರಿಯಾಕ್ಟರಿನ ಗೇಟಿನೆದುರು ಕೂರುವ ಮುದುಕ. ಅವನ ಹೆಂಡತಿ ಕಾಲೊನಿ ಆಸ್ಪತ್ರೆಯ ಮಕ್ಕಳ ವಾರ್ಡಿನಲ್ಲಿ ನರ್ಸಾಗಿದ್ದಳು. ರಕ್ತದ ಕಾಯಿಲೆಯಿಂದ ಸತ್ತಳು. ಅಂದಿನಿಂದ "ನನ್ನ ಹೆಂಡತಿಯನ್ನು ಕೊಂದವರು ಯಾರು?" ಎಂದು ಬರೆದ ಬೋರ್ಡು ಹಿಡಿದು ಅವನು ಅಲ್ಲಿಂದ ಎದ್ದಿರಲಿಲ್ಲ.

"ನಿನ್ನೆ ಸಂಜೆ ಇಂಜಿನಿಯರ ಕೊರಳಪಟ್ಟಿ ಹಿಡಿದಿದ್ಯಂತೆ?"

"ಹಿಡಿದಿದ್ದೆ. ನಿನ್ನ ಮ್ಯೂಸಿಯಮ್ಮಿಗೆ ಬೆಂಕಿ ಇಡ್ತೀನಿ ಅಂದೆ. ಬೆಂಕಿ ಹೊತ್ತಿಸಿದವರನ್ನೆಲ್ಲ ಗೋಡೆಗೆ ಏರಿಸಿದ್ದೀಯ, ಸುಟ್ಟುಕೊಂಡವರು ಎಲ್ಲಿ ಅಂದೆ."

"ಅವರೇನಂದ್ರು?"

ಮುದುಕ ಕಣ್ಣು ಒರೆಸಿಕೊಂಡ. "ನನ್ನ ಕಾಲು ಹಿಡ್ಕೊಂಡ ತಾಯಿ. ಅಷ್ಟು ದೊಡ್ಡ ಮನುಷ್ಯ. ಮುಂದಿನ ವಾರ ನಿನ್ನ ಪ್ರಶ್ನೆಗೆ ಉತ್ತರ ಇಡ್ತೀನಿ, ಕೊನೇ ಪೆಟ್ಟಿಗೇಲಿ, ಎಲ್ಲರೂ ನೋಡೋ ಹಾಗೆ ಅಂದ. ಇನ್ನೊಬ್ಬರನ್ನೂ ಒಪ್ಪಿಸಬೇಕು, ಈಗ ಬರ್ತಾರೆ, ನೀನು ಹೋಗು ಅಂದ. ಹೋದೆ."

"ಯಾರು ಆ ಇನ್ನೊಬ್ಬರು?"

"ಕೇಳ್ಬೇಕಿತ್ತು. ಕೇಳ್ಲಿಲ್ಲ."

ಅವನ ಅಂಗಿಯ ಮೇಲೆ ಒಂದು ಹನಿ ರಕ್ತವಿರಲಿಲ್ಲ. ಅವನ ಬೆರಳುಗಳು ಸಂಧಿವಾತದಿಂದ ಸೊಟ್ಟಗಾಗಿದ್ದವು. ಮೂರನ್ನು ನೇರವಾಗಿ ಒಂದೆಡೆ ಇಡಲು ಅವನಿಂದ ಆಗುತ್ತಿರಲಿಲ್ಲ.

"ಬಿಟ್ಟು ಬಾ ಇವರನ್ನ. ಮೊದಲು ಊಟ ಹಾಕಿಸು," ಎಂದಳು ಕಾನ್‌ಸ್ಟೇಬಲಿಗೆ.

* * *

ಇಂಜಿನಿಯರ ಹೆಂಡತಿ ಕಾಲೊನಿ ಶಾಲೆಯಲ್ಲಿ ಭೌತಶಾಸ್ತ್ರ ಕಲಿಸಿದವರು. ಇನ್ಸ್‌ಪೆಕ್ಟರೂ ಅವರ ಶಿಷ್ಯೆಯೇ. ಮನೆ ತುಂಬ ನೆಂಟರಿದ್ದರು. ಟೀಚರ್ ಮಾತ್ರ ಅಡುಗೆಮನೆಯಲ್ಲಿ ಸ್ಟೂಲಿನ ಮೇಲೆ ಒಬ್ಬರೇ ಕೂತಿದ್ದರು. ಅತ್ತಿರಲಿಲ್ಲ.

"ಟೀಚರ್, ಇದು ಏನಿರಬಹುದು?"

ಅವರು ಚೂರನ್ನು ಕಿಟಕಿಯ ಬೆಳಕಿಗೆ ಹಿಡಿದರು.

"ಇಲ್ಲಿ ಅಳತೆಯ ಗೆರೆ ಉಬ್ಬಿಕೊಂಡಿದೆ ನೋಡು. ಹಳೇ ಕಾಲದ ಸಲೈನ್ ಬಾಟಲಿ. ಅದು ಯಾವತ್ತೂ ಬಿಳೀ ಗಾಜು. ಕಂದು ಇರಲ್ಲ."

"ಮತ್ತೆ ಈ ಬಣ್ಣ?"

"ಒಲೆ ಹಚ್ಚು."

ಕಬ್ಬಿಣದ ಸೌಟಿನಲ್ಲಿ ಚೂರನ್ನಿಟ್ಟು ಉರಿಗೆ ಹಿಡಿದರು. ಟೀಚರ ದನಿ ತರಗತಿಯ ದನಿಯಾಯಿತು. "ಬಣ್ಣದ ಗಾಜಾದ್ರೆ ಎಷ್ಟು ಕಾಯಿಸಿದ್ರೂ ಬಣ್ಣ ಹೋಗಲ್ಲ. ಆದ್ರೆ ಬಿಳೀ ಗಾಜು ತುಂಬ ಬಲವಾದ ವಿಕಿರಣದ ಪಕ್ಕ ಬಹಳ ದಿನ ಇದ್ರೆ ಕಂದಾಗತ್ತೆ. ಆ ಬಣ್ಣ ಕಾಯಿಸಿದ್ರೆ ಬಿಟ್ಟುಹೋಗತ್ತೆ."

ಇಬ್ಬರೂ ನೋಡುತ್ತಲೇ ಇದ್ದರು. ಕಂದು ತೆಳುವಾಯಿತು, ಜೇನಿನ ಬಣ್ಣಕ್ಕೆ ಬಂತು, ಆಮೇಲೆ ಅದೂ ಇಲ್ಲ. ಸೌಟಿನಲ್ಲಿ ತಿಳಿಗಾಜು ಉಳಿಯಿತು.

"ಇದು ರಿಯಾಕ್ಟರಿನ ಒಳಗಿದ್ದಿರಬೇಕು, ಅಲ್ವಾ?"

"ಸಲೈನ್ ಬಾಟಲಿಗೆ ರಿಯಾಕ್ಟರಲ್ಲೇನು ಕೆಲಸ?" ಟೀಚರ್ ಒಲೆ ಆರಿಸಿದರು. "ಆಸ್ಪತ್ರೆಯ ನೆಲಮಾಳಿಗೆ ಖಾಲಿ ಮಾಡ್ತಿದಾರೆ, ಹಳೇ ಸಾಮಾನು ಸಿಗತ್ತೆ ಅಂತ ನಮ್ಮವರು ಮೊನ್ನೆ ಹೋಗಿದ್ರು. ಬಂದವರು ಊಟಕ್ಕೂ ಏಳ್ಲಿಲ್ಲ. ಏನಾಯ್ತು ಅಂದ್ರೆ, ಅವತ್ತು ನಾನೂ ಹೊತ್ತು ತಂದಿದ್ದೆ ಕಣೇ, ನಾನೂ ಹೊತ್ತಿದ್ದೆ ಅಂದ್ರು. ಅಷ್ಟೇ."

ಆ ನೆಲಮಾಳಿಗೆ ಇನ್ಸ್‌ಪೆಕ್ಟರಿಗೆ ಗೊತ್ತಿತ್ತು. ನೆಲಮಾಳಿಗೆಯ ಮೇಲೆ ಇರುವುದು ಮಕ್ಕಳ ವಾರ್ಡು. ತಪಾಸಣೆಯವರು ಬಂದಿದ್ದ ಬೇಸಿಗೆಯಲ್ಲಿ ಅವಳ ತಮ್ಮ ಮರದಿಂದ ಬಿದ್ದು ಕಾಲು ಮುರಿದುಕೊಂಡು ಆ ವಾರ್ಡಿನಲ್ಲೇ ಮಲಗಿದ್ದ. ಕಾಲು ಕೂಡಿತು. ಮುಂದಿನ ವರ್ಷ ರಕ್ತ ಕೆಟ್ಟಿತು. ಅವನ ಕೊನೆಯ ದಿನ ಡಾಕ್ಟ್ರು ಮಂಚದ ಪಕ್ಕದಿಂದ ಏಳಲೇ ಇಲ್ಲ. ಅವನ ಪುಟ್ಟ ಮಣಿಕಟ್ಟಿನ ಮೇಲೆ ಮೂರು ಬೆರಳಿಟ್ಟುಕೊಂಡು ಕೂತಿದ್ದರು.

* * *

ಆಸ್ಪತ್ರೆಯ ಮೊಗಸಾಲೆಯಲ್ಲಿ ತಾಯಂದಿರು ಮಕ್ಕಳನ್ನು ತೊಡೆಯ ಮೇಲೆ ಕೂರಿಸಿಕೊಂಡು ಕಾಯುತ್ತಿದ್ದರು. ಅವಳು ಒಳಗೆ ಹೋಗಿ ಬಾಗಿಲು ಹಾಕಿಕೊಂಡಳು.

"ಬಾ ಪುಟ್ಟೀ," ಎಂದರು ಡಾಕ್ಟ್ರು. ತಲೆ ಪೂರ್ತಿ ನರೆತಿತ್ತು. ಕಣ್ಣು ನಿದ್ದೆಗೆಟ್ಟು ಕೆಂಪಾಗಿತ್ತು. "ಯಾರಾದ್ರೂ ಸಿಕ್ಕಿದ್ರಾ?"

"ಡಾಕ್ಟ್ರ ಮಾಮ, ಬೆಳಿಗ್ಗೆ ಇಂಜಿನಿಯರ ನಾಡಿ ಯಾಕೆ ನೋಡ್ಲಿಲ್ಲ?"

ಅವರು ಮೇಜಿನ ಮೇಲಿನ ಚೀಟಿಗಳನ್ನು ಜೋಡಿಸತೊಡಗಿದರು.

"ಸತ್ತು ಮೂರು ದಿನವಾದ ಹೆಣವಾದ್ರೂ ಕೈ ಮುಟ್ಟಿ ನೋಡಿಯೇ ಹೇಳೋರು ನೀವು. ಇವತ್ತು ಬಾಗಿಲಲ್ಲೇ ನಿಂತು ಹೇಳಿದ್ರಿ. ಯಾಕಂದ್ರೆ ನಾಡಿ ನಿನ್ನೇನೇ ನೋಡಿ ಆಗಿತ್ತು. ಅವರ ಮಣಿಕಟ್ಟಿನ ಮೇಲೆ ಮೂರು ಬೆರಳಿನ ಗುರುತಿದೆ. ಬೆಳಿಗ್ಗೆ ರಕ್ತ ಗಟ್ಟಿಯಾಗಿತ್ತು, ಮುಟ್ಟಿದ್ರೆ ಗುರುತು ಮೂಡ್ತಿರ್ಲಿಲ್ಲ. ಹಸಿ ಇದ್ದಾಗ ಮುಟ್ಟಿದವರು ಅವರನ್ನ ಹೊಡೆಯೋಕೆ ಮುಟ್ಟಿಲ್ಲ, ಎತ್ತೋಕೂ ಮುಟ್ಟಿಲ್ಲ. ಆಮೇಲೆ ಪೊರಕೆ. ನಿನ್ನೆ ಹೆದರಿ ಓಡಿದ್ರಿ, ಬಾಟಲಿಯ ಚೂರು ಆಯೋಕೆ ಇವತ್ತು ಬಂದ್ರಿ. ಎಲ್ಲರೆದುರಿಗೇ ಆಯ್ಕೊಂಡ್ರಿ. ಒಂದು ಬಿಟ್ಟಿದ್ರಿ. ಅದರ ಬಣ್ಣ ನಾನು ಒಲೆ ಮೇಲೆ ಬಿಡಿಸಿದೆ. ನೆಲಮಾಳಿಗೇಲಿ ಏನಿತ್ತು ಮಾಮ?"

ಡಾಕ್ಟ್ರು ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು.

"ಹಿಂದಿನ ಶೆಡ್ಡಿನದು. ಲೆಕ್ಕಕ್ಕೆ ತೋರಿಸದೆ ಉಳಿಸಿಕೊಂಡ ಒಂದಷ್ಟು ಇಂಧನ. ಮುಂದೆ ಯಾವತ್ತಾದ್ರೂ ಬಾಂಬಿಗೆ ಬೇಕಾದೀತು ಅಂತ ಮೇಲಿನವರು ಬಚ್ಚಿಟ್ಟಿದ್ದು. ತಪಾಸಣೆಯವರು ಆಸ್ಪತ್ರೇಲಿ ಕಿರಣ ಅಳೆಯೋ ಮೀಟರ್ ಹಿಡಿದ್ರೂ ಹೆದರಿಕೆಯಿಲ್ಲ, ಇಲ್ಲಿ ಕಿರಣ ಚಿಕಿತ್ಸೆ ಮಿಷನ್ ಇದೆ ಅಂದ್ರೆ ಮುಗೀತು. ಸುತ್ತ ಸೀಸದ ಇಟ್ಟಿಗೆ ಜೋಡಿಸಿದ್ವಿ. ಚಾವಣಿಗೆ ಇಡೋಕಾಗ್ಲಿಲ್ಲ. ಅದನ್ನ ಇಲ್ಲಿಗೆ ಹೊತ್ತು ತಂದವರಲ್ಲಿ ಇಂಜಿನಿಯರೂ ಒಬ್ಬ. ಒಂದು ವಾರ ಅಂದಿದ್ರು. ಬೇಸಿಗೆ ಪೂರ್ತಿ ಇತ್ತು. ಆಮೇಲೆ ಲಾರೀಲಿ ಒಯ್ದರು. ಎಲ್ಲಿಗೆ ಅಂತ ನಾನು ಕೇಳ್ಲಿಲ್ಲ."

"ಮೇಲೆ ಮಕ್ಕಳಿದ್ರು."

"ವಾರ್ಡು ಖಾಲಿ ಮಾಡಿಸಿದ್ರೆ ಯಾಕೆ ಅಂತ ಕೇಳ್ತಿದ್ರು. ನಿನ್ನ ತಮ್ಮನ ಮಂಚ ಮಾತ್ರ ಮೂಲೆಗೆ ಸರಿಸಿದ್ದೆ. ನಿಮ್ಮಮ್ಮ ನನ್ನನ್ನ ಅಣ್ಣ ಅಂತಿದ್ಲು."

ಗೊತ್ತಿತ್ತು. ಅವರಿಗೆ ಎಲ್ಲ ಗೊತ್ತಿತ್ತು.

"ನಿನ್ನೆ ಏನಾಯ್ತು?"

"ನೆಲಮಾಳಿಗೆಯ ಕಪಾಟಲ್ಲಿ ಆ ಬಾಟಲಿ ಸಿಕ್ಕಿತ್ತು ಅವನಿಗೆ. ಅದನ್ನ ಪೆಟ್ಟಿಗೇಲಿಟ್ಟು ಇಬ್ಬರೂ ಪಕ್ಕದಲ್ಲಿ ನಿಂತು ಹೇಳಿಬಿಡೋಣ ಅಂದ. ಕಿತ್ಕೊಳ್ಳೋಕೆ ಹೋದೆ. ತಳ್ಳಿದೆ. ಪೆಟ್ಟಿಗೆ ಮೇಲೆ ಬಿದ್ದ. ತೋಳಿನ ರಕ್ತನಾಳ ಕತ್ತರಿಸಿಹೋಯ್ತು."

"ಒಂದು ಬಟ್ಟೆ ಬಿಗಿದು ಕಟ್ಟಿದ್ರೆ?"

"ಬದುಕ್ತಿದ್ದ." ಅವರ ದನಿ ರೋಗಿಯ ಮನೆಯವರೊಡನೆ ಮಾತಾಡುವಷ್ಟೇ ಮೆತ್ತಗಿತ್ತು. "ಕಟ್ಟೋಕೆ ಅಂತಲೇ ಕೂತೆ. ಎದ್ದರೆ ಎಲ್ಲ ಹೇಳ್ತಾನಲ್ಲ ಅನ್ನಿಸ್ತು. ಈ ಊರಲ್ಲಿ ನಾನು ಸಾಯೋವರೆಗಾದ್ರೂ ಡಾಕ್ಟ್ರಾಗೇ ಇರಬೇಕು ಅನ್ನಿಸ್ತು. ನಾಡಿ ಹಿಡ್ಕೊಂಡು ಕೂತೆ. ನಿಲ್ಲೋವರೆಗೂ."

"ಉಳಿದ ಚೂರುಗಳು?"

"ಆಸ್ಪತ್ರೆಯ ಕಸ ಸುಡೋ ಕುಲುಮೆಗೆ ಹಾಕಿದೆ."

ಅವಳಿಗೆ ಆಗ ಹೊಳೆಯಿತು. ಕಾಯಿಸುವ ಮೊದಲು ಚೂರನ್ನು ಒಡೆದು ಅರ್ಧ ಎತ್ತಿಡಬಹುದಿತ್ತು. ಬುದ್ಧಿ ಓಡಲಿಲ್ಲ. ಜಗತ್ತಿನಲ್ಲಿ ಉಳಿದಿದ್ದ ಒಂದೇ ಒಂದು ಕಂದು ಚೂರನ್ನು ಅವಳೇ ಒಲೆಯ ಮೇಲೆ ತೊಳೆದುಬಿಟ್ಟಿದ್ದಳು.

ಡಾಕ್ಟ್ರಿಗೂ ಅದು ಅರ್ಥವಾಯಿತು. "ತಳ್ಳಿದ್ದು, ಕೂತಿದ್ದು ಕೋರ್ಟಲ್ಲಿ ಒಪ್ಕೋತೀನಿ ಪುಟ್ಟೀ. ನೆಲಮಾಳಿಗೆಯ ಮಾತು ಎತ್ತಲ್ಲ. ಎತ್ತಿದ್ರೂ ನನ್ನ ಬಾಯಿ ಮುಚ್ಚಿಸ್ತಾರೆ, ನಿನ್ನದೂ."

ಬಾಗಿಲಾಚೆ ಮಗುವೊಂದು ಕೆಮ್ಮುತ್ತಿತ್ತು. "ಹೊರಗೆ ಇರೋರನ್ನ ನೋಡಿ ಮುಗಿಸ್ಲಾ?" ಎಂದು ಕೇಳಿದರು.

"ಬೇಡ," ಎಂದಳು. "ಏಳಿ."

* * *

ಮಾರನೆಯ ದಿನ ರಾಜಧಾನಿಯಿಂದ ಅಧಿಕಾರಿಯೊಬ್ಬರು ಬಂದರು. ತೊಳೆದ ಮುಖ, ಸಿಹಿ ಮಾತು. ತಿಳಿಗಾಜಿನ ಚೂರನ್ನು ತಿರುಗಿಸಿ ನೋಡಿದರು.

"ಇದು ಗಾಜು ಕಣಮ್ಮ."

"ಕಂದಾಗಿತ್ತು ಸರ್. ಟೀಚರ್ ನೋಡಿದಾರೆ."

"ಗಂಡನನ್ನ ಕಳ್ಕೊಂಡವರು. ಪಾಪ, ಅವರನ್ನ ಯಾಕೆ ಎಳೀತೀರಿ? ಹಳೇ ಗೆಳೆಯರ ಜಗಳ. ಆರೋಪಿ ಒಪ್ಕೊಂಡಿದಾನೆ. ಇನ್ನೇನು ಬೇಕು ನಿಮಗೆ?"

ಚೂರನ್ನು ಜೇಬಿಗೆ ಹಾಕಿಕೊಂಡೇ ಹೋದರು. ನೆಲಮಾಳಿಗೆಗೆ ಎರಡು ದಿನದಲ್ಲಿ ಹೊಸ ಸಿಮೆಂಟು, ಹೊಸ ಸುಣ್ಣ ಆಯಿತು. ಮ್ಯೂಸಿಯಮ್ಮಿನ ಉದ್ಘಾಟನೆಯೂ ಹೇಳಿದ ದಿನವೇ ಆಯಿತು. ಕೊನೆಯ ಫಲಕದ ಮೇಲೆ ಸೂರ್ಯೋದಯದ ಚಿತ್ರ ಬಂತು. ಬೋರ್ಡಪ್ಪನಿಗೆ ಏನು ಹೇಳುವುದೆಂದು ತಿಳಿಯದೆ ಅವಳು ಜೀಪನ್ನು ಹಿಂದಿನ ರಸ್ತೆಯಿಂದ ಓಡಿಸತೊಡಗಿದಳು.

ಉದ್ಘಾಟನೆಯ ದಿನ ಮಧ್ಯಾಹ್ನ ಅಮ್ಮ ಠಾಣೆಗೆ ಬಂದಳು. ಕೈಯಲ್ಲಿ ಊಟದ ಡಬ್ಬಿ.

"ಅಣ್ಣನಿಗೆ ಕೊಡು. ನಿಮ್ಮ ಲಾಕಪ್ಪಿನ ಊಟ ಅವನ ಹೊಟ್ಟೆಗೆ ಆಗಲ್ಲ."

"ಅಮ್ಮ, ಅವರು..."

"ಗೊತ್ತು. ಸಿಟ್ಟಿನಲ್ಲಿ ತಳ್ಳಿದ. ತಪ್ಪೇ. ಶಿಕ್ಷೆ ಆಗಲಿ." ಅಮ್ಮ ಸೆರಗಿನಿಂದ ಡಬ್ಬಿಯ ಮುಚ್ಚಳ ಒರೆಸಿದಳು. "ಆದ್ರೆ ನನ್ನ ಮಗ ಹೋಗೋವಾಗ ಜೊತೇಲಿದ್ದವನು ಅವನೊಬ್ಬನೇ. ನಿಮ್ಮಪ್ಪನಿಗೂ ಧೈರ್ಯ ಇರ್ಲಿಲ್ಲ, ಹೊರಗೆ ನಿಂತಿದ್ರು. ಆ ಋಣ ನನಗಿದೆ."

ಅಮ್ಮನಿಗೆ ಉಳಿದಿದ್ದ ಸಮಾಧಾನ ಅದೊಂದೇ. ನೆಲಮಾಳಿಗೆಯ ಮಾತು ಹೇಳಿ ಅದನ್ನೂ ಕಿತ್ತುಕೊಂಡರೆ ಬದಲಿಗೆ ಕೊಡಲು ಮಗಳ ಹತ್ತಿರ ಏನೂ ಇರಲಿಲ್ಲ, ಒಂದು ಚೂರು ಗಾಜೂ ಇರಲಿಲ್ಲ.

"ಆರಿಹೋಗತ್ತೆ, ಬೇಗ ಕೊಡು," ಎಂದಳು ಅಮ್ಮ.

ಅವಳು ಡಬ್ಬಿ ತೆಗೆದುಕೊಂಡು ಒಳಗೆ ಹೋದಳು. ಸರಳುಗಳ ನಡುವೆ ಅದು ಹಿಡಿಸಲಿಲ್ಲ. ಬೀಗ ತೆಗೆದು ಕೈಗೆ ಕೊಟ್ಟಳು.

"ಅಮ್ಮ ಕಳಿಸಿದಾಳೆ," ಎಂದಳು. "ಬಿಸಿ ಇದೆ."