ಪವಾಯಿಗೆ ಕರೆದವನು

"ಅವ್ವಾ!"

ಬೈಕುಲ್ಲಾದ ಚಾಳಿನ ಹಾಲ್‌ನಲ್ಲಿ ಸುಭಾಷನ ಕೂಗಿಗೆ, ಶವಾಸನದಲ್ಲಿದ್ದ ಹೆಂಗಸರೆಲ್ಲ ಬೆಚ್ಚಿ ಎದ್ದು ಕುಳಿತರು. ಮನೆಯಲ್ಲಿ ಹೇಳದೆ ಯೋಗ ಕ್ಲಾಸಿಗೆ ಬಂದಿದ್ದ ಅವನ ತಾಯಿ ದೇವಕ್ಕ ಮಾತ್ರ ಅಲುಗಾಡಲಿಲ್ಲ.

"ನಮ್ಮವ್ವಗ ಏನಾತು? ಏನ್ ಮಾಡಿದ್ರಿ ನೀವು?"

ಯೋಗ ಟೀಚರ್ ಮಹಾದೇವಿ ತುಟಿಯ ಮೇಲೆ ಬೆರಳಿಟ್ಟಳು. "ಶ್... ನಿದ್ದಿ ಹತ್ತೇತಿ. ಮೊದಲ ಚಪ್ಪಲ್ ಬಿಟ್ಟು ಬರ್ರಿ!"

ಎಲ್ಲರೂ ನಕ್ಕರು. ಅವನ ಒದ್ದೆ ಕಣ್ಣು ಕಂಡು ಮಹಾದೇವಿಯ ನಗು ಮಾತ್ರ ಅಲ್ಲೇ ನಿಂತಿತು. 'ತಾಯಿ ಮೇಲೆ ಇಷ್ಟೊಂದು ಜೀವಾನಾ ಇವನಿಗೆ...'

ಅಂದಿನಿಂದ ತಾಯಿಯನ್ನು ಅವನೇ ಕರೆತರತೊಡಗಿದ. ಕ್ಲಾಸ್ ಮುಗಿದ ಮೇಲೆ ಚಾಪೆಗಳನ್ನೂ ಸುತ್ತಿಡುತ್ತಿದ್ದ.

ಮೂವತ್ತೆಂಟರ ಮಹಾದೇವಿಗೆ ಹೊಟ್ಟೆಪಾಡಿಗೆ ಬಾಂದ್ರಾದಲ್ಲೊಂದು ಕ್ಲಾಸ್ ಇತ್ತು. ಉಳಿದ ಹೊತ್ತೆಲ್ಲ ಮನೆಗೆಲಸದ ಈ ಹೆಂಗಸರಿಗೆ. ಪುಕ್ಕಟೆ ಕಲಿಸುತ್ತಿದ್ದಳು, ಜ್ವರ ಬಂದರೆ ಆಸ್ಪತ್ರೆಗೂ ಕರೆದೊಯ್ಯುತ್ತಿದ್ದಳು. ನೋಡಲು ಬಂದ ವರಗಳೆಲ್ಲ ಕೇಳಿದ್ದು ಒಂದೇ ಮಾತು: "ಮದುವೆ ಆದಮೇಲೆ ಇದೆಲ್ಲ ಬಿಡ್ತೀರಲ್ಲ?"

ಒಂದು ಬೆಳಿಗ್ಗೆ ಸುಭಾಷ ತಡವರಿಸಿದ.

"ಟೀಚರ್, ಪವಾಯಿಗೆ ಬರ್ತೀರೇನು? ನಾ ಕೆಲಸ ಮಾಡೋ ದೊಡ್ಡ ಬಿಲ್ಡಿಂಗ್... ನಿಮ್ಮ ಕ್ಲಾಸಿಗೆ ಜಾಗಾ ನೋಡೀನಿ."

ಮಹಾದೇವಿಗೆ ಆ ವರಗಳ ಮಾತು ನೆನಪಾಯಿತು. 'ಇವನೂ ಅಷ್ಟೇ...'

"ಶ್ರೀಮಂತರಿಗೆ ಕಲಿಸಾಕ ಬೇರೆ ಮಂದಿ ಅದಾರ. ಇವರನ್ನ ಬಿಟ್ಟು ನಾ ಎಲ್ಲಿಗೂ ಬರಂಗಿಲ್ಲ!"

ಅವನು ಸುತ್ತುತ್ತಿದ್ದ ಚಾಪೆ ಕೆಳಗಿಟ್ಟು ಹೋದ. ಮತ್ತೆ ಬರಲೇ ಇಲ್ಲ. ಬಾಗಿಲತ್ತ ನೋಡುತ್ತ ಮಹಾದೇವಿ ಉಸಿರಿನ ಎಣಿಕೆ ತಪ್ಪುತ್ತಿದ್ದಳು.

ಒಬ್ಬಳೇ ಬರುತ್ತಿದ್ದ ದೇವಕ್ಕ ಕೊನೆಗೆ ಗದರಿದಳು. "ಯಾವ ಶ್ರೀಮಂತರು ತಂಗಿ? ಆ ಬಿಲ್ಡಿಂಗ್ ಇನ್ನೂ ಕಟ್ಟಾಕ ಹತ್ಯಾರ. ಇಟ್ಟಂಗಿ ಹೊತ್ತು ನಡಾ ಹಿಡದ ಹೆಣ್ಣಮಕ್ಕಳ ಸಲುವಾಗಿ ಕೇಳ್ಯಾನ ನನ್ನ ಮಗ!"

ಅಯ್ಯೋ... ಆ ಸಂಜೆಯೇ ಮಹಾದೇವಿ ಲೋಕಲ್ ರೈಲು ಹತ್ತಿದಳು.

ಪವಾಯಿಯ ಸೈಟಿನಲ್ಲಿ ಸುಭಾಷ ಶೆಡ್ ಗುಡಿಸುತ್ತಿದ್ದ. ಅವಳನ್ನು ಕಂಡು ಪೊರಕೆ ಕೈಯಲ್ಲೇ ಉಳಿಯಿತು.

"ತಪ್ಪಾತು ನಂದು," ಎಂದಳು.

"ನಾನೂ ಪೂರಾ ಹೇಳಲಿಲ್ಲ. ನಿಮ್ಮ ಮುಂದ ನಿಂತ್ರ ನನಗ ಮಾತ ಬರಂಗಿಲ್ಲ."

"ಈಗ ಹೇಳ್ರಿ."

"ಮುಂಜಾನೆ ಬೈಕುಲ್ಲಾ ಬಿಡಬ್ಯಾಡ್ರಿ. ಸಂಜಿಗೆ ಇಲ್ಲಿ ಬರ್ರಿ. ಎಲ್ಲಾರನ್ನೂ ನೀವು ನೋಡ್ಕೋತೀರಿ... ನಿಮ್ಮನ್ನ ನಾ ನೋಡ್ಕೊಳ್ಳಲೇನು?"

ಇಂಥ ಪ್ರಶ್ನೆಯನ್ನು ಅವಳಿಗೆ ಯಾರೂ ಕೇಳಿರಲಿಲ್ಲ. ಕಣ್ಣು ತುಂಬಿ ಬಂತು.

"ನಾ ಸಿಟ್ಟಿನಾಕಿ..."

"ಗೊತ್ತೈತಿ."

"ಅಡಗಿನೂ ನೆಟ್ಟಗ ಬರಂಗಿಲ್ಲ."

"ನನಗ ಬರ್ತೈತಿ."

ಅಳುತ್ತಲೇ ನಕ್ಕಳು. "ಹಂಗಾದ್ರ ನಿಮ್ಮವ್ವನ್ನ ಕೇಳಬೇಕು."

"ಅವ್ವ ಯಾವಾಗ್ಲೋ ಹೂಂ ಅಂದಾಳ. ನೀವು?"

ಮಹಾದೇವಿ ಅವನ ಧೂಳು ಮೆತ್ತಿದ ಕೈ ಹಿಡಿದಳು.

"ನಾನೂ..."