ಕೆಂಪು ಚುಕ್ಕಿಯ ಗ್ಲಾಸು

"ಆ ಕಾಗದದ ಕಪ್ಪು ನಮ್ಮವ್ವನ ಕೈಯಾಗ ಕೊಡಬ್ಯಾಡ್ರಿ!"

ಭತ್ತದ ಧೂಳಿನ ಅಂಗಳದಲ್ಲಿ ಎಲ್ಲರೂ ತಿರುಗಿ ನೋಡಿದರು. ಕಾಫಿ ಕ್ಯಾನಿನ ನಲ್ಲಿ ತಿರುಗಿಸುತ್ತಿದ್ದ ವಿರುಪಾಕ್ಷಿಯ ಕೈ ಅಲ್ಲೇ ನಿಂತಿತು. ತಲೆ ಎತ್ತಿದರೆ... ಎದುರಿಗೆ ಉರಿಯುವ ಎರಡು ಕಣ್ಣು!

ಗಂಗಾವತಿಯ ಆ ಅಕ್ಕಿ ಮಿಲ್ಲಿನಲ್ಲಿ ಲಾರಿ ತೂಗುವ ಕಾಟಾದ ಮುಂದೆ ಕೂರಲು ಅನುಷಾ ಅಂದು ಬೆಳಿಗ್ಗೆಯಷ್ಟೇ ಕೆಲಸಕ್ಕೆ ಸೇರಿದ್ದಳು. ಬಿ.ಕಾಂ. ಓದಿದವಳು. ಅವಳ ಅವ್ವ ಮಾರೆವ್ವ ಬಹಳ ವರ್ಷಗಳಿಂದ ಅದೇ ಮಿಲ್ಲಿನ ಅಂಗಳ ಗುಡಿಸುತ್ತಿದ್ದಳು. ನವಲಿಯ ಕೇರಿ ಬಿಟ್ಟು ಬಂದರೂ ಕೇರಿ ಅವರನ್ನು ಬಿಟ್ಟಿರಲಿಲ್ಲ. ಆಫೀಸಿನವರಿಗೆ ಸ್ಟೀಲ್ ಗ್ಲಾಸು, ಗುಡಿಸುವ ಹೆಣ್ಣುಮಕ್ಕಳಿಗೆ ಕಾಗದದ ಕಪ್ಪು!

"ಕಾಫಿ ಒಂದ ಕ್ಯಾನಿನಾಗಿಂದು. ಕಪ್ಪು ಯಾಕ್ರಿ ಎರಡು ನಮೂನಿ?"

"ಮೇಡಂ... ಮ್ಯಾನೇಜರ್ ಸಾಹೇಬ್ರು ಹೇಳಿದಂಗ ತರ್ತೀನ್ರಿ. ಆ ಸ್ಟೀಲ್ ಗ್ಲಾಸು ಆಫೀಸಿನವು. ನೀವು ಆಫೀಸಿನವರು, ತಗೋರಿ."

"ನಾ ಆಕಿ ಮಗಳು. ನನಗೂ ಕಾಗದದಾಗ ಹಾಕ್ರಿ!"

ಮಾರೆವ್ವ ಮಗಳ ತೋಳು ಜಗ್ಗಿದಳು. "ಸುಮ್ಕಿರ, ಬಂದ ದಿನಾನ ಜಗಳ ತಗೀತಿಯಲ್ಲ! ಕಾಫಿ ಆರತೈತಿ."

"ಆರಲಿ ಬಿಡವ್ವಾ!" ಅನುಷಾ ವಿರುಪಾಕ್ಷಿಯ ಮುಖಕ್ಕೇ ಅಂದಳು. "ಮ್ಯಾನೇಜರ್ ಹೇಳ್ಯಾರಂತ... ಸುರಿಯೋ ಕೈ ನಿಮ್ಮದ ಅಲ್ಲೇನು?"

ಅವನು ತಲೆ ಬಗ್ಗಿಸಿ ಕ್ಯಾನಿನ ಮುಚ್ಚಳ ಬಿಗಿದ. ಅವನ ಕಿವಿ ಕೆಂಪಾದದ್ದನ್ನು ಮಾತ್ರ ಅವಳು ನೋಡಿದಳು.

ದಿನಕ್ಕೆರಡು ಸಲ ಮಿಲ್ಲಿಗೆ ಕ್ಯಾನ್ ಕಾಫಿ. ಶ್ರೀರಾಮನಗರದವರಾದ ಮಿಲ್ ಮಾಲೀಕರು ಚಹಾ ಮುಟ್ಟುವವರಲ್ಲ. ವಿರುಪಾಕ್ಷಿಯ ಪುಟ್ಟ ಅಂಗಡಿ ಉಸಿರಾಡುತ್ತಿದ್ದುದೇ ಆ ಒಂದು ಆರ್ಡರಿನಿಂದ. ಅವನ ಭಯ ಅನುಷಾಗೂ ಅರ್ಥವಾಗುತ್ತಿತ್ತು. ಆದರೆ ಅವ್ವನ ಕೈಯಲ್ಲಿ ಮೆತ್ತಗಾಗಿ ಬಾಗುತ್ತಿದ್ದ ಆ ಕಪ್ಪು...

ಮರುದಿನ ವಿರುಪಾಕ್ಷಿ ಬಂದಾಗ ಬೈಕಿನ ಹ್ಯಾಂಡಲಿಗೆ ಒಂದು ಚೀಲ ಜೋತಾಡುತ್ತಿತ್ತು. ಬಾಯಿ ಬಿಚ್ಚಿದರೆ ಸ್ಟೀಲ್ ಗ್ಲಾಸುಗಳು! ಒಂದು ಉದ್ದ, ಒಂದು ಗಿಡ್ಡ, ಒಂದರ ಅಂಚು ಚಪ್ಪಟೆ.

"ಇವು ನಿಮ್ಮ ಕಡೇನ ಇರ್ಲಿ. ವಾಪಸ್ ಒಯ್ಯಂಗಿಲ್ಲ," ಅಂದವನೇ ಮೊದಲ ಕಾಫಿಯನ್ನು ಮಾರೆವ್ವನ ಕೈಗೆ ಕೊಟ್ಟ.

ಮಾರೆವ್ವ ಗ್ಲಾಸನ್ನು ಎರಡೂ ಕೈಯಲ್ಲಿ ಹಿಡಿದಳು. "ಭಾಳ ಸುಡ್ತೈತೋ ತಮ್ಮಾ!" ಎನ್ನುತ್ತಾ ನಕ್ಕಳು. ಅವ್ವ ಹಾಗೆ ನಕ್ಕದ್ದನ್ನು ಅನುಷಾ ಎಷ್ಟೋ ಕಾಲದಿಂದ ನೋಡಿರಲಿಲ್ಲ.

ಅಂದಿನಿಂದ ಹನ್ನೊಂದು ಗಂಟೆಯಾದರೆ ಸಾಕು, ಅವಳ ಕಿವಿ ಗೇಟಿನ ಕಡೆಗೆ. ಬೈಕಿನ ಸದ್ದು ಕೇಳಿದರೆ ಬರೆಯುತ್ತಿದ್ದ ತೂಕದ ಚೀಟಿ ಅರ್ಧಕ್ಕೇ!

'ಛೇ... ಏನಾಗೈತಿ ನನಗ?'

"ಸಕ್ರಿ ಕಮ್ಮಿ ಹಾಕೀನಿ. ನಿಮಗ ಹಂಗ ಸೇರ್ತೈತಲ್ಲ?" ಕಾಟಾದ ಕಿಟಕಿಯಲ್ಲಿ ಗ್ಲಾಸು ಇಡುತ್ತಾ ಕೇಳುತ್ತಿದ್ದ.

"ಯಾರು ಹೇಳಿದ್ರು ನಿಮಗ?"

"ಸಕ್ರಿ ಹೆಚ್ಚಾದ್ರ ನಿಮ್ಮ ಮೂಗು ಹಿಂಗ ಆಗ್ತೈತಿ," ಎಂದು ಮೂಗು ಸೊಟ್ಟ ಮಾಡಿ ತೋರಿಸುತ್ತಿದ್ದ.

"ಕಾಫಿ ಮಾರಾಕ ಬರ್ತೀರೋ, ನನ್ನ ಮೂಗು ನೋಡಾಕ ಬರ್ತೀರೋ?"

"ಎರಡಕ್ಕೂ ರೀ!"

ಹೀಗೇ ನಡೆದಿದ್ದರೆ... ಆದರೆ ನಡೆಯಲಿಲ್ಲ.

ಒಂದು ಮಧ್ಯಾಹ್ನ ಅನುಷಾ ನಲ್ಲಿಯ ಕೆಳಗೆ ತನ್ನ ಗ್ಲಾಸು ತೊಳೆಯುತ್ತಿದ್ದಳು. ಬೋರಲು ಹಾಕಿದಾಗ ತಳದಲ್ಲಿ ಏನೋ ಕಂಡಿತು. ಉಗುರಿಗೆ ಹಚ್ಚುವ ಬಣ್ಣದ ಒಂದು ಕೆಂಪು ಚುಕ್ಕಿ!

ಅವ್ವನ ಗ್ಲಾಸು ತಿರುಗಿಸಿದಳು. ಅಲ್ಲೂ ಚುಕ್ಕಿ. ಗುಡಿಸುವವರ ಗ್ಲಾಸುಗಳಿಗೆಲ್ಲ ಚುಕ್ಕಿ. ಓಡಿಹೋಗಿ ಆಫೀಸಿನ ಟೇಬಲ್ಲಿನ ಗ್ಲಾಸುಗಳನ್ನು ಎತ್ತಿ ನೋಡಿದಳು. ಒಂದಕ್ಕೂ ಇರಲಿಲ್ಲ.

'ನಮ್ಮವು ಯಾವು ಅಂತ ಗುರುತು... ಅಯ್ಯೋ, ನಾ ಎಂಥಾ ಹುಚ್ಚಿ!'

ಸಂಜೆ ಕ್ಯಾನು ಇಳಿಸುತ್ತಿದ್ದ ವಿರುಪಾಕ್ಷಿಯ ಮುಂದೆ ಅವಳು ಗ್ಲಾಸನ್ನು ಬೋರಲು ಹಿಡಿದಳು.

"ಇದೇನು?"

"ಅದಾ? ಅದು ನಮ್ಮ..."

"ಗೊತ್ತಾತು! ಕಾಗದ ಹೋತು, ಚುಕ್ಕಿ ಬಂತು! ಮ್ಯಾನೇಜರ್ ಎದುರಿಗೆ ಮಾಡ್ತಾರ, ನೀವು ತಳದಾಗ ಮಾಡೀರಿ. ಅವರ ಛಲೋ, ಮುಚ್ಚಿಡಂಗಿಲ್ಲ!"

"ಅನುಷಾ, ಒಂದು ಮಾತು ಕೇಳು..."

"ಏಕವಚನ ಬ್ಯಾಡ್ರಿ. ನಿಮ್ಮ ಕಾಫೀನೂ ಬ್ಯಾಡ!"

ಅವಳು ಆ ಗ್ಲಾಸನ್ನು ಹಿಡಿದುಕೊಂಡೇ ಗೇಟು ದಾಟಿಬಿಟ್ಟಳು. ದಾರಿಯುದ್ದಕ್ಕೂ ಕಣ್ಣೀರು.

ಬೆಳಗಾದಾಗ ಗ್ಲಾಸು ಅವಳನ್ನೇ ನೋಡುತ್ತಿತ್ತು. 'ಅವರ ವಸ್ತು ನಮ್ಮ ಮನ್ಯಾಗ ಯಾಕ? ಮುಖದ ಮ್ಯಾಲೆ ಒಗದು ಬರ್ತೀನಿ!' ಎಂದು ಕೆಲಸಕ್ಕೆ ಹೋಗುವ ದಾರಿಯಲ್ಲಿ, ಮನೆಯ ಮುಂಭಾಗದಲ್ಲೇ ಇದ್ದ ಅವನ ಅಂಗಡಿಗೆ ನುಗ್ಗಿದಳು.

ಅವನಿರಲಿಲ್ಲ. ಅವನ ತಾಯಿ ಕಸ್ತೂರೆಮ್ಮ ಒಲೆಯ ಪಕ್ಕ ಕುಳಿತು ಕಾಫಿ ಕುಡಿಯುತ್ತಿದ್ದರು... ಕಾಗದದ ಕಪ್ಪಿನಲ್ಲಿ!

ಅನುಷಾ ಬಾಗಿಲಲ್ಲೇ ನಿಂತು ಸುತ್ತ ನೋಡಿದಳು. ಹಾಲಿನ ಪಾತ್ರೆಯ ಬದಿಗೆ ಕೆಂಪು ಚುಕ್ಕಿ. ಸೌಟಿನ ಹಿಡಿಕೆಗೆ ಚುಕ್ಕಿ. ಬೋರಲು ಹಾಕಿದ ಊಟದ ತಾಟುಗಳ ಬೆನ್ನಿಗೂ ಚುಕ್ಕಿ!

"ಬಾರವ್ವಾ, ನಿಂತೀದಿಯಲ್ಲ. ಅರೇ, ಇದು ನಮ್ಮ ಗ್ಲಾಸು!"

"ಅಮ್ಮಾ... ಈ ಚುಕ್ಕಿ...?"

"ನಮ್ಮ ಕುಕನೂರ ಕಡೆ ಒಬ್ಬರ ಮನಿ ಪಾತ್ರಿ ಭಾಂಡೆ ಇನ್ನೊಬ್ಬರ ಮನಿ ಮದುವಿಗೆ ಹೋಗ್ತಾವ. ಅದಲಿ ಬದಲಿ ಆಗಬಾರದಂತ ಮನಿಗೊಂದು ಗುರುತು. ನಮ್ಮದು ಕೆಂಪು. ನಾನ ಹಚ್ಚೀನಿ."

"ಮತ್ತ ನೀವು ಯಾಕ ಕಾಗದದಾಗ...?"

ಕಸ್ತೂರೆಮ್ಮ ಜೋರಾಗಿ ನಕ್ಕರು. "ಮನಿ ಗ್ಲಾಸೆಲ್ಲ ಮಿಲ್ಲಿಗೆ ಒಯ್ದಾನವ್ವಾ ನನ್ನ ಮಗ! ಹೊಸಾವು ತಂದು ಅವರಿಗೆ ಕೊಡೋ ಅಂದೆ. 'ಹೊಸಾವು ಕೊಟ್ಟರ ಅವೂ ಬ್ಯಾರೆ ಇಟ್ಟಂಗ ಆಗ್ತೈತಿ. ನಾವು ಕುಡಿಯೋ ಗ್ಲಾಸನ್ನ ಕೊಡಬೇಕು' ಅಂದ. ಉಳಿದ ಕಪ್ಪು ಖಾಲಿ ಆಗೂತನಕ ನಮಗ ಇದ!"

ಅನುಷಾ ಕೈಯಲ್ಲಿದ್ದ ಗ್ಲಾಸನ್ನು ತಿರುಗಿಸಿ ನೋಡಿದಳು. ಉದ್ದ, ಗಿಡ್ಡ, ಅಂಚು ಚಪ್ಪಟೆ... ಒಂದು ಮನೆಯ ಅಡುಗೆಮನೆಯೇ ಎದ್ದು ಅವ್ವನ ಕೈಗೆ ಬಂದಿತ್ತು. ತಾನು ಅದನ್ನು ಮೋಸ ಅಂದೆನಲ್ಲ!

"ಅವರೆಲ್ಲಿ ಅದಾರಮ್ಮಾ?"

"ಮಿಲ್ಲಿಗೆ ಹೋಗ್ಯಾನ. ಹೊರಗಿನ ವ್ಯಾಪಾರಸ್ಥರು ಬಂದಾರಂತ, ಕಾಫಿ ಲಗೂನ ತಾ ಅಂತ ಫೋನ್ ಬಂದಿತ್ತು."

ಅವಳು ಓಡಿದಳು.

ಮಿಲ್ಲಿನ ಅಂಗಳದಲ್ಲಿ ಮ್ಯಾನೇಜರ್ ದೊಡ್ಡಬಸಪ್ಪನ ದನಿ ಏರಿತ್ತು. "ದೊಡ್ಡ ಪಾರ್ಟಿ ಬಂದಾರ. ಅವರ ಮುಂದ ಗುಡಿಸೋರು ಸ್ಟೀಲ್ ಗ್ಲಾಸ್ ಹಿಡದು ಕುಂತ್ರ ಮರ್ಯಾದಿ ಏನು ಉಳೀತೈತಿ? ಕಾಗದದ ಕಪ್ಪು ತಗಿ. ಇಲ್ಲಾಂದ್ರ ನಾಳಿಯಿಂದ ನಿನ್ನ ಕ್ಯಾನು ಒಳಗ ಬರಂಗಿಲ್ಲ!"

ವಿರುಪಾಕ್ಷಿ ಕ್ಯಾನಿನ ನಲ್ಲಿ ಗಟ್ಟಿಯಾಗಿ ತಿರುಗಿಸಿ ಬಂದ್ ಮಾಡಿದ. "ಹಂಗಾರ ಇವತ್ತ ಯಾರಿಗೂ ಕಾಫಿ ಇಲ್ರಿ ಸಾಹೇಬ್ರ. ಕುಡಿದ್ರ ಎಲ್ಲಾರಿಗೂ ಒಂದ ನಮೂನಿ ಗ್ಲಾಸು."

ಅನುಷಾ ಗೇಟಿನಲ್ಲೇ ನಿಂತು ಕೇಳಿದಳು. ಅನ್ನ ಕೊಡುವ ಆರ್ಡರನ್ನು ಆ ಮನುಷ್ಯ ಹಾಗೆ ಎತ್ತಿ ಇಟ್ಟುಬಿಟ್ಟಿದ್ದ! ಸಿಟ್ಟಿನಲ್ಲಿ ಬಿಟ್ಟು ಹೋದವಳು ಬಂದಾಳೆಂಬ ಆಸೆಯೂ ಇಲ್ಲದೆ!

ಅವಳು ನೇರ ಕಾಟಾದ ಕೋಣೆಗೆ ಹೋದಳು. ಕಾಟಾದ ಮೇಲೆ ಭತ್ತದ ಲಾರಿ ನಿಂತಿತ್ತು. ಸ್ವಿಚ್ ಆರಿಸಿ, ಕೀಲಿಕೈ ಹಿಡಿದು ಹೊರಗೆ ಬಂದಳು.

"ಕಾಟಾ ಬಂದ್ ಐತ್ರಿ!"

"ಏಯ್, ಕೆಲಸ ಕಳಕೊಳ್ತಿ ನೋಡು!" ದೊಡ್ಡಬಸಪ್ಪ ಅರಚಿದ.

"ತಗದು ಹಾಕ್ರಿ. ಎಲ್ಲಾರೂ ಒಂದ ನಮೂನಿ ಗ್ಲಾಸಿನಾಗ ಕುಡಿಯೂತನಕ ಒಂದು ಲಾರೀನೂ ತೂಗಂಗಿಲ್ಲ!"

ಮಾರೆವ್ವ ಕೈಯ ಕಸಬರಿಗೆಯನ್ನು ನೆಲಕ್ಕೆ ಒಗೆದಳು. ಅವಳ ಹಿಂದೆ ಒಂದೊಂದಾಗಿ ಎಲ್ಲ ಕಸಬರಿಗೆಗಳೂ ಬಿದ್ದವು. ಚೀಲ ಹೊತ್ತಿದ್ದ ಹಮಾಲಿ ಹೈದರಸಾಬ ಮೂಟೆ ಇಳಿಸಿ ಅದರ ಮೇಲೇ ಕುಳಿತ. "ನಾವು ಗೇಟಿನ ಹೊರಗ ಚಹಾ ಕುಡಿಯೋರು. ಆದ್ರ ಇವತ್ತ ನಮಗೂ ಕಾಫಿ ಕುಡಿಯೋ ಮನಸಾಗೈತಿ, ಮಾರೆವ್ವಕ್ಕನ ಸಂಗಡ!"

ಹಮಾಲರೆಲ್ಲ ಕುಳಿತರು. ರಸ್ತೆಯವರೆಗೆ ಲಾರಿಗಳ ಹಾರ್ನು!

ಮಾಲೀಕರು ವ್ಯಾಪಾರಸ್ಥರನ್ನು ಬಿಟ್ಟು ಹೊರಗೆ ಬಂದರು. "ಏನಮ್ಮಾ ಇದು? ಒಂದು ಕಾಫಿಗೋಸ್ಕರ ಮಿಲ್ಲು ನಿಲ್ಲಿಸ್ತೀರಾ?"

"ಕಾಫಿಗಲ್ರಿ ಸಾವ್ಕಾರ್ರ," ಅನುಷಾ ಒಂದು ಹೆಜ್ಜೆ ಮುಂದೆ ಬಂದಳು. "ನಾವು ಗುಡಿಸಿದ ಅಂಗಳದಾಗ ಬಿದ್ದ ಭತ್ತ ನಿಮ್ಮ ಮೂಟಿ ಸೇರ್ತೈತಿ. ನಮ್ಮ ತುಟಿ ಮುಟ್ಟಿದ ಗ್ಲಾಸು ನಿಮ್ಮ ಟೇಬಲ್ ಸೇರಬಾರದೇನು? ಆಫೀಸಿನ ಗ್ಲಾಸು, ನಮ್ಮ ಗ್ಲಾಸು ಎರಡೂ ಕೂಡಿಸ್ರಿ. ಯಾರ ಕೈಗೆ ಯಾವುದು ಸಿಗ್ತೈತೋ ಅದು!"

ಹಾರ್ನು ಇನ್ನಷ್ಟು ಜೋರಾಯಿತು. ಮಾಲೀಕರು ಲಾರಿಗಳನ್ನು ನೋಡಿದರು, ನೆಲಕ್ಕೆ ಬಿದ್ದ ಕಸಬರಿಗೆಗಳನ್ನು ನೋಡಿದರು. "ಕೂಡಿಸಿ. ಇನ್ನು ಮುಂದೆ ಎಲ್ಲಾ ಒಂದೇ," ಎಂದರು ಒಲ್ಲದ ಮನಸ್ಸಿನಿಂದಲೇ.

ಒಲ್ಲದ ಮನಸ್ಸಾದರೇನು? ಗೆದ್ದದ್ದು ಗೆದ್ದದ್ದೇ!

ಸ್ಟೀಲಿಗೆ ಸ್ಟೀಲು ಬಡಿಯುತ್ತಾ ಗ್ಲಾಸುಗಳು ಒಂದೇ ಬುಟ್ಟಿಗೆ ಬಿದ್ದವು. ಮಾರೆವ್ವ ಕಣ್ಣು ಮುಚ್ಚಿ ಒಂದನ್ನು ಎತ್ತಿ, ಕಾಫಿ ಹಿಡಿದು ಮ್ಯಾನೇಜರನ ಮುಂದೆ ಚಾಚಿದಳು. ತಳದಲ್ಲಿ ಕೆಂಪು ಚುಕ್ಕಿ!

ದೊಡ್ಡಬಸಪ್ಪ ಸುತ್ತ ನೋಡಿದ. ಎಲ್ಲರ ಕಣ್ಣೂ ತನ್ನ ಮೇಲೆ. ಕುಡಿದ.

"ಹೆಂಗೈತ್ರಿ ಸಾಹೇಬ್ರ? ರುಚಿ ಏನಾರ ಬದಲಾಗೈತೇನು?" ಮಾರೆವ್ವ ಕೇಳಿದಾಗ ಅಂಗಳವೆಲ್ಲ ನಕ್ಕಿತು. ಸೀಟಿ, ಚಪ್ಪಾಳೆ!

ಗದ್ದಲದ ನಡುವೆ ಅನುಷಾ ಕ್ಯಾನಿನ ಹತ್ತಿರ ಬಂದು ನಿಂತಳು. ತಲೆ ತಗ್ಗಿತ್ತು.

"ನಿಮ್ಮ ಮನಿಗೆ ಹೋಗಿದ್ದೆ. ಅಮ್ಮ ಎಲ್ಲಾ ಹೇಳಿದ್ರು... ನಿಮ್ಮ ಮಾತು ಪೂರಾ ಕೇಳಲೇ ಇಲ್ಲ ನಾನು."

"ಕೇಳೋದು ಇನ್ನೂ ಐತಿ. ಈಗ ಏಕವಚನದಾಗ ಹೇಳಬಹುದೇನ್ರಿ ಮೇಡಂ?"

ಅಳು, ನಗು ಎರಡೂ ಒಟ್ಟಿಗೇ ಬಂದವು ಅವಳಿಗೆ. "ಹೇಳು."

"ನಮ್ಮ ಮನಿ ಗ್ಲಾಸೆಲ್ಲ ಇಲ್ಲೇ ಅದಾವ. ನೀ ಅಲ್ಲಿಗೆ ಬಾ. ನನ್ನ ಜೋಡಿ ಇರು... ಬೇಕಂದ್ರ ನಿನಗೂ ಒಂದು ಕೆಂಪು ಚುಕ್ಕಿ ಇಡ್ತೀನಿ!"

"ನಾ ಏನು ನಿಮ್ಮ ಮನಿ ಭಾಂಡೆ ಏನು?" ಅವಳು ಹುಬ್ಬೇರಿಸಿದಳು. "ನನಗ ಯಾರ ಗುರುತೂ ಬ್ಯಾಡ. ಬರೋದಾದ್ರ ಹಂಗ ಬರ್ತೀನಿ."

"ಹಂಗಾರ ನೀನ ನನಗ ಇಡು."

ಅನುಷಾ ತನ್ನ ಚೀಲದಿಂದ ಉಗುರಿನ ಬಣ್ಣದ ಪುಟ್ಟ ಬಾಟಲಿ ತೆಗೆದಳು. ಕಾಫಿಯ ವಾಸನೆಯ ಆ ಕೈ ಹಿಡಿದು, ಅವನ ಹೆಬ್ಬೆರಳಿನ ಉಗುರಿಗೆ ಒಂದು ಕೆಂಪು ಚುಕ್ಕಿ ಇಟ್ಟಳು.

"ತೊಳದು ತೊಳದು ಅಳಿಸಿ ಹೋದ್ರ?"

ಅವಳು ಬಾಗಿ, ಚುಕ್ಕಿ ಒಣಗಲೆಂದು ಮೆಲ್ಲಗೆ ಊದಿದಳು.

"ಮತ್ತ ಇಡ್ತೀನಿ."