ಸುರಂಗಕ್ಕೆ ಹೋಗದ ಹದಿನಾಲ್ಕು ಚೌಕಟ್ಟು

ಫೆಬ್ರುವರಿ 18, ಮಧ್ಯಾಹ್ನ 3.10. ಗೋಕಾಕ ಊರಿನ ರಬ್ಬರ್ ಕಾರ್ಖಾನೆಯ ಮಾಲೀಕ ರಾವಸಾಹೇಬರು ಠಾಣೆಗೆ ಬಂದು ದೂರು ಬರೆದುಕೊಟ್ಟರು. ಕರಾವಳಿಯ ನಗರವೊಂದರಿಂದ ಅದರ ವಿಮಾನ ನಿಲ್ದಾಣಕ್ಕೆ ಸಮುದ್ರದಡಿ ಹೆದ್ದಾರಿ ಸುರಂಗ ಕಟ್ಟಲಾಗುತ್ತಿತ್ತು. ಅದರ ಕಾಂಕ್ರೀಟ್ ತುಂಡುಗಳ ಸಂದಿಯಲ್ಲಿ ನೀರು ಸೋರದಂತೆ ಕೂರಿಸುವ ರಬ್ಬರ್ ಚೌಕಟ್ಟುಗಳು ಇವರಲ್ಲಿಯೇ ತಯಾರಾಗುತ್ತಿದ್ದವು. ಸಂಜೆ ಲಾರಿಗೆ ಏರಬೇಕಿದ್ದ ಐವತ್ತರಲ್ಲಿ ಹದಿನಾಲ್ಕನ್ನು ಯಾರೋ ಕೊಯ್ದಿದ್ದರು.

ಎಫ್‌ಐಆರ್ ದಾಖಲಾಯಿತು. 4.30ಕ್ಕೆ ಇನ್‌ಸ್ಪೆಕ್ಟರ್ ಪದ್ಮಶ್ರೀ, ಕಾನ್‌ಸ್ಟೆಬಲ್ ಸಿದ್ರಾಯನೊಂದಿಗೆ ಪಂಚನಾಮೆಗೆ ಹೋದರು. ಕೊಯ್ದವೆಲ್ಲ ಒಂದೇ ದಿನ ತಯಾರಾದವು. ಉಳಿದ ಮೂವತ್ತಾರಕ್ಕೆ ಗೀರೂ ಬಿದ್ದಿರಲಿಲ್ಲ. ಹಾಳು ಮಾಡಲು ಬಂದವನು ಹೀಗೆ ಆರಿಸಿ ಕೊಯ್ಯುವುದಿಲ್ಲ ಎಂದು ಸಿದ್ರಾಯನೇ ಹೇಳಿದ. ಚಾಕು ಬದಿಯ ನಡುಭಾಗಕ್ಕೆ ಬಿದ್ದಿತ್ತು. ನಾಲ್ಕೂ ಮೂಲೆಗಳ ಬೆಸುಗೆ ಹಾಗೇ ಇತ್ತು. ಊಟದ ಬಿಡುವಿನಲ್ಲಿ ತಪಾಸಣಾ ಕೋಣೆಯಲ್ಲಿ ಉಳಿದವರು ಒಬ್ಬರೇ ಎಂದು ಹಾಜರಿ ಪುಸ್ತಕ ಹೇಳಿತು: ಚೌಕಟ್ಟುಗಳ ತಪಾಸಣೆ ಮಾಡುವ, ಮೂಡಲಗಿಯಿಂದ ದಿನವೂ ಬಸ್ಸಿನಲ್ಲಿ ಬರುವ ಉದ್ದವ್ವ, ವಯಸ್ಸು ನಲವತ್ತಾರು.

ಆಕೆ ಸುಳ್ಳು ಹೇಳಲಿಲ್ಲ.

"ನಾನ ಕೊಯ್ದೇನ್ರಿ, ಮೇಡಮ್ಮಾರ."

"ಯಾಕ?"

"ಅವು ಸೋರ್ತಾವ್ರಿ. ಮೂಲೀ ಬೆಸಿಗಿ ಹಿಡದಿಲ್ಲ. ಎರಡ ಸಲ ಹೇಳಿದೆ, ಸಾಹೇಬ್ರು ಪಾಸ್ ಅಂತ ಸಿಕ್ಕಾ ಒತ್ತು ಅಂದ್ರು."

"ಮತ್ತ ಮೂಲೀ ಯಾಕ ಬಿಟ್ರಿ?"

"ಯಾರರ ಪರೀಕ್ಷಾ ಮಾಡಿದ್ರ ಖರೆ ಗೊತ್ತಾಗ್ಲಿ ಅಂತ್ರಿ."

ಮೂಲೆಗಳನ್ನು ಮೊಹರು ಮಾಡಿ ಸರ್ಕಾರಿ ಪ್ರಯೋಗಾಲಯಕ್ಕೆ ಕಳಿಸಲಾಯಿತು. ಫೆಬ್ರುವರಿ 27ರಂದು ವರದಿ ಬಂತು. ಸಮುದ್ರದಡಿಯ ಒತ್ತಡದ ಅರ್ಧಕ್ಕೇ ಎಲ್ಲ ಬೆಸುಗೆಗಳೂ ಬಾಯಿಬಿಟ್ಟಿದ್ದವು. ಪದ್ಮಶ್ರೀ ವರದಿಯ ಪ್ರತಿಯನ್ನು ಸುರಂಗದ ಎಂಜಿನಿಯರರಿಗೆ ಕಳಿಸಿ, ದೂರುದಾರನಾಗಿ ಬಂದಿದ್ದ ರಾವಸಾಹೇಬರ ಮೇಲೆ ಎರಡನೆಯ ಎಫ್‌ಐಆರ್ ಬರೆದರು. ಮರುದಿನ ಬೆಳಿಗ್ಗೆ 11ಕ್ಕೆ ಅವರ ಬಂಧನವಾಯಿತು.

ಆದರೂ ಮೊದಲ ಪ್ರಕರಣ ಹಾಗೇ ಇತ್ತು. ಮಧ್ಯಾಹ್ನ ಉದ್ದವ್ವ ತಾನಾಗಿ ಠಾಣೆಗೆ ಬಂದಳು. ಬಂಧಿಸಿ, ಠಾಣೆಯಲ್ಲೇ ಜಾಮೀನು ಕೊಡುವುದಾಗಿ ಪದ್ಮಶ್ರೀ ತಿಳಿಸಿದರು. ಆ ಸುರಂಗವನ್ನು ಎಂದಾದರೂ ನೋಡಿದ್ದೀರಾ ಎಂದು ಕೇಳಿದರು. ಸಮುದ್ರವನ್ನೇ ನೋಡಿಲ್ಲವೆಂದಳು ಉದ್ದವ್ವ. ಆದರೆ ಪ್ರತಿ ಚೌಕಟ್ಟಿನ ಮೇಲೂ ಗೋಕಾಕ ಎಂದು ಅಚ್ಚಾಗಿರುತ್ತದೆ, ಅದು ನೀರಿನಡಿ ನೂರು ವರ್ಷ ನಿಲ್ಲಬೇಕು ಎಂದಳು.

ಸಿದ್ರಾಯ ಬರೆದುಕೊಂಡ ಹೇಳಿಕೆಯನ್ನು ಓದಿಸಿ ಕೇಳಿದ ಮೇಲೆ ಆಕೆ ಕೂಡಲೇ ಸಹಿ ಮಾಡಲಿಲ್ಲ.

"ಇನ್ನೊಂದ್ ಮಾತ್ ಬರಕೋರಿ. ಹನ್ನೊಂದ ವರ್ಷದಾಗ ನಾ ಪಾಸ್ ಮಾಡಿದ್ದು ಒಂದೂ ವಾಪಸ್ ಬಂದಿಲ್ಲ."

ಪ್ರಕರಣಕ್ಕೆ ಅದು ಬೇಕಿರಲಿಲ್ಲ. ಪದ್ಮಶ್ರೀ ಸಿದ್ರಾಯನ ಕೈಯಿಂದ ಪೆನ್ನು ತೆಗೆದುಕೊಂಡು ತಾವೇ ಬರೆದರು.